ಮೈಕೆಲ್ ಹೋವರ್ಡ್ ಅವರನ್ನು ಓದುವ ಕ್ರಮ: 1870ರ ಯುದ್ಧದಿಂದ ಭದ್ರತಾ ನೀತಿಯವರೆಗೆ

ಗ್ರಂಥಾಲಯದ ಕ್ಯಾಟಲಾಗಿನಲ್ಲಿ ‘ಮೈಕೆಲ್ ಹೋವರ್ಡ್’ ಎಂದು ಹುಡುಕಿದರೆ ಇಬ್ಬರು ಸಿಗುತ್ತಾರೆ. ಒಬ್ಬರು ಬ್ರಿಟನ್ನಿನ ಕನ್ಸರ್ವೇಟಿವ್ ಪಕ್ಷದ ರಾಜಕಾರಣಿ, ಅವರನ್ನು ಬಿಟ್ಟುಬಿಡಿ. ನಮಗೆ ಬೇಕಾದವರು 1922ರಲ್ಲಿ ಹುಟ್ಟಿ 2019ರಲ್ಲಿ ತೀರಿಕೊಂಡ ಇತಿಹಾಸಕಾರ. ಎರಡನೇ ಮಹಾಯುದ್ಧದಲ್ಲಿ ಕೋಲ್ಡ್‌ಸ್ಟ್ರೀಮ್ ಗಾರ್ಡ್ಸ್ ಪಡೆಯ ಅಧಿಕಾರಿಯಾಗಿ ಇಟಲಿಯಲ್ಲಿ ಕಾದಾಡಿ, 1943ರ ಸಲೆರ್ನೊ ಕಾಳಗಕ್ಕೆ ಮಿಲಿಟರಿ ಕ್ರಾಸ್ ಶೌರ್ಯಪದಕ ಪಡೆದವರು. ಲಂಡನ್ನಿನ ಕಿಂಗ್ಸ್ ಕಾಲೇಜಿನಲ್ಲಿ ಯುದ್ಧ ಅಧ್ಯಯನ ವಿಭಾಗವನ್ನು ಕಟ್ಟಿದವರು, ಆಮೇಲೆ ಆಕ್ಸ್‌ಫರ್ಡ್ ಮತ್ತು ಯೇಲ್‌ನಲ್ಲಿ ಪಾಠ ಹೇಳಿದವರು. 1958ರಲ್ಲಿ ಲಂಡನ್ನಿನಲ್ಲಿ ಶುರುವಾದ ಇಂಟರ್‌ನ್ಯಾಷನಲ್ ಇನ್‌ಸ್ಟಿಟ್ಯೂಟ್ ಫಾರ್ ಸ್ಟ್ರಾಟೆಜಿಕ್ ಸ್ಟಡೀಸ್‌ನ ಸ್ಥಾಪಕರಲ್ಲೂ ಒಬ್ಬರು.

ಅವರ ಬರಹ ಎರಡು ರಾಶಿಯಾಗಿದೆ. ಒಂದು ಕಡೆ ಯುದ್ಧಗಳ ಇತಿಹಾಸ, ಇನ್ನೊಂದು ಕಡೆ ಅಣ್ವಸ್ತ್ರ, ರಕ್ಷಣಾ ನೀತಿ, ಭಯೋತ್ಪಾದನೆ ಕುರಿತ ಲೇಖನ ಮತ್ತು ಉಪನ್ಯಾಸಗಳು. ಹೆಚ್ಚಿನವರು ಕೈ ಹಾಕುವುದು ಎರಡನೆಯ ರಾಶಿಗೆ. ಲೇಖನಗಳು ಚಿಕ್ಕವು, ಮಾತು ಚುರುಕು, ಪರೀಕ್ಷೆಯ ಉತ್ತರಕ್ಕೂ ಟಿವಿ ಚರ್ಚೆಗೂ ಒದಗುವಂಥವು. ಆದರೆ ಅಲ್ಲಿನ ಒಂದೊಂದು ವಾಕ್ಯದ ಹಿಂದೆಯೂ ಒಂದೊಂದು ನಿರ್ದಿಷ್ಟ ಯುದ್ಧವಿದೆ. ಅದು ಗೊತ್ತಿಲ್ಲದೆ ಓದಿದರೆ ಎಲ್ಲವೂ ಸುಭಾಷಿತದಂತೆ ಕೇಳಿಸಿ ಮರುದಿನ ಮರೆತುಹೋಗುತ್ತದೆ. ಆದ್ದರಿಂದ ಇಲ್ಲಿ ಹೇಳುವ ಕ್ರಮದಲ್ಲಿ ಯುದ್ಧ ಮೊದಲು, ನೀತಿ ಆಮೇಲೆ. ದಿನಕ್ಕೆ ಒಂದು ಗಂಟೆ ಕೊಟ್ಟರೆ ನಾಲ್ಕರಿಂದ ಐದು ತಿಂಗಳ ಕೆಲಸ.

ಮೊದಲ ವಾರ: ಒಂದು ಉಪನ್ಯಾಸ

1961ರಲ್ಲಿ ಹೋವರ್ಡ್ ಲಂಡನ್ನಿನ ರಾಯಲ್ ಯುನೈಟೆಡ್ ಸರ್ವಿಸ್ ಇನ್‌ಸ್ಟಿಟ್ಯೂಷನ್‌ನಲ್ಲಿ ‘ದಿ ಯೂಸ್ ಅಂಡ್ ಅಬ್ಯೂಸ್ ಆಫ್ ಮಿಲಿಟರಿ ಹಿಸ್ಟರಿ’ ಎಂಬ ಉಪನ್ಯಾಸ ಕೊಟ್ಟರು. ಹತ್ತು ಪುಟದ ಆಸುಪಾಸಿನ ಬರಹ. ಎರಡು ಸಲ ಓದಿ: ಮೊದಲ ಸಲ ಪೆನ್ಸಿಲ್ ಇಲ್ಲದೆ, ಎರಡನೆಯ ಸಲ ಪೆನ್ಸಿಲ್ ಹಿಡಿದು.

ಅದರಲ್ಲಿ ಗುರುತು ಹಾಕಬೇಕಾದ ಜಾಗ ಎರಡು. ಮೊದಲನೆಯದು, ಸೈನ್ಯಾಧಿಕಾರಿಯ ಕಷ್ಟದ ಬಗ್ಗೆ ಅವರು ಹೇಳುವುದು. ತನ್ನ ವೃತ್ತಿಯನ್ನು ನಿಜವಾಗಿ ಮಾಡಿ ನೋಡುವ ಅವಕಾಶ ಅವನಿಗೆ ಜನ್ಮದಲ್ಲಿ ಒಮ್ಮೆ ಬಂದರೆ ಹೆಚ್ಚು. ಜೀವನಪೂರ್ತಿ ನೆಲದ ಮೇಲೆ ಈಜು ಕಲಿತು ಒಮ್ಮೆಲೇ ಒಲಿಂಪಿಕ್ಸ್‌ಗೆ ಧುಮುಕುವವನ ಸ್ಥಿತಿ ಅದು ಎಂಬ ಅರ್ಥದ ಹೋಲಿಕೆ ಅಲ್ಲಿದೆ. ಇತಿಹಾಸ ಬೇಕಾಗುವುದು ಈ ಕಾರಣಕ್ಕೆ. ಎರಡನೆಯದು, ಓದುವ ಮೂರು ನಿಯಮ: ಅಗಲವಾಗಿ ಓದು, ಆಳವಾಗಿ ಓದು, ಸಂದರ್ಭದೊಳಗಿಟ್ಟು ಓದು. ಅಗಲವೆಂದರೆ ಶತಮಾನಗಳುದ್ದಕ್ಕೂ ಯುದ್ಧದ ರೂಪ ಬದಲಾದದ್ದನ್ನು ನೋಡುವುದು. ಆಳವೆಂದರೆ ಒಂದೇ ದಂಡಯಾತ್ರೆಯನ್ನು ಹಿಡಿದು, ಇತಿಹಾಸಕಾರರು ಆಮೇಲೆ ಹಾಕಿದ ಅಚ್ಚುಕಟ್ಟಿನ ಪದರಗಳನ್ನು ಕಿತ್ತು, ಒಳಗಿನ ಗೊಂದಲ ಮುಟ್ಟುವವರೆಗೆ ಹೋಗುವುದು. ಸಂದರ್ಭವೆಂದರೆ ಆ ಸೈನ್ಯದ ಹಿಂದಿದ್ದ ಸಮಾಜ, ತೆರಿಗೆ, ಸಂಸತ್ತು, ಶಾಲೆ. ಮುಂದಿನ ಓದು ಪೂರ್ತಿ ಈ ಮೂರು ನಿಯಮಗಳ ಜಾರಿ ಅಷ್ಟೇ.

ಅಗಲ: ಎರಡು ವಾರ ಸಾಕು

1976ರ ‘ವಾರ್ ಇನ್ ಯುರೋಪಿಯನ್ ಹಿಸ್ಟರಿ’ ಇನ್ನೂರು ಪುಟ ತುಂಬದ ಪುಸ್ತಕ. ಯುದ್ಧವನ್ನು ಯಾರು ಮಾಡಿದರು ಎಂಬುದರ ಮೇಲೆ ಏಳು ಅಧ್ಯಾಯ: ನೈಟ್‌ಗಳು, ಬಾಡಿಗೆ ಸೈನಿಕರು, ವರ್ತಕರು, ವೃತ್ತಿಪರರು, ಕ್ರಾಂತಿ, ರಾಷ್ಟ್ರಗಳು, ತಂತ್ರಜ್ಞರು. ಎರಡು ದಿನಕ್ಕೊಂದು ಅಧ್ಯಾಯ ಓದಿ, ಪ್ರತಿಯೊಂದರ ಕೊನೆಗೆ ಮೂರೇ ಪ್ರಶ್ನೆಗೆ ಒಂದೊಂದು ಸಾಲಿನ ಉತ್ತರ ಬರೆಯಿರಿ. ಸೈನಿಕನಿಗೆ ಸಂಬಳ ಕೊಟ್ಟವರು ಯಾರು? ಅವನು ಉಂಡದ್ದು ಎಲ್ಲಿಂದ? ಸೋತರೆ ಕಳೆದುಕೊಂಡವರು ಯಾರು? ಕದನಗಳ ಹೆಸರು, ತಾರೀಕು ಬಾಯಿಪಾಠ ಮಾಡುವ ಪುಸ್ತಕ ಇದಲ್ಲ. ಹಾಗೆ ಮಾಡಹೊರಟವರು ಮೂರನೇ ಅಧ್ಯಾಯದಲ್ಲಿ ಕೈಬಿಡುತ್ತಾರೆ, ಏಕೆಂದರೆ ಅಲ್ಲಿ ಕದನಕ್ಕಿಂತ ವ್ಯಾಪಾರ ಹೆಚ್ಚು.

ಆಳ: ಎರಡು ತಿಂಗಳು ಇಲ್ಲೇ ನಿಲ್ಲಿ

1961ರಲ್ಲೇ ಬಂದ ‘ದಿ ಫ್ರಾಂಕೋ-ಪ್ರಷ್ಯನ್ ವಾರ್’ ಇಡೀ ಓದಿನ ಬೆನ್ನೆಲುಬು. ಫ್ರಾನ್ಸ್ ಒಂದು ಕಡೆ, ಪ್ರಷ್ಯದ ಮುಂದಾಳತ್ವದ ಜರ್ಮನ್ ರಾಜ್ಯಗಳು ಇನ್ನೊಂದು ಕಡೆ ನಿಂತು 1870–71ರಲ್ಲಿ ಕಾದಾಡಿದ ಯುದ್ಧದ ಕತೆ. ಸುಮಾರು ಐನೂರು ಪುಟ. ಓದಲು ಕೂರುವ ಮೊದಲು ಮೂರು ವಸ್ತು ಸಿದ್ಧವಿರಲಿ.

ಮೊದಲನೆಯದು ನಕ್ಷೆ. ಪುಸ್ತಕದೊಳಗಿನ ಚಿಕ್ಕ ನಕ್ಷೆಗಳನ್ನೇ ನಂಬಿದರೆ ಪುಟ ಹಿಂದೆ ಮುಂದೆ ತಿರುಗಿಸುವುದರಲ್ಲೇ ಗಂಟೆ ಕಳೆದುಹೋಗುತ್ತದೆ. ಪೂರ್ವ ಫ್ರಾನ್ಸ್‌ನ ನಕ್ಷೆಯೊಂದನ್ನು ಎ3 ಹಾಳೆಗೆ ಪ್ರಿಂಟ್ ಹಾಕಿಸಿ, ಅದರಲ್ಲಿ ಸಾರ್‌ಬ್ರೂಕನ್, ಮೆಸ್, ವೆರ್ದನ್, ಸೆದಾನ್, ಸ್ಟ್ರಾಸ್‌ಬರ್ಗ್, ಬೆಲ್ಫೋರ್ ಊರುಗಳನ್ನೂ ಮೋಸೆಲ್, ಮ್ಯೂಸ್ ನದಿಗಳನ್ನೂ ಗುರುತು ಮಾಡಿ. ಸಾರ್‌ಬ್ರೂಕನ್‌ನಿಂದ ಮೆಸ್‌ಗೆ ನೇರ ಗೆರೆ ಎಳೆದರೆ ಸುಮಾರು 60 ಕಿಲೋಮೀಟರ್. ಕಾಲಾಳು ದಿನಕ್ಕೆ 20ರಿಂದ 25 ಕಿಲೋಮೀಟರ್ ನಡೆಯುತ್ತಾನೆಂದು ಇಟ್ಟುಕೊಂಡು ಲೆಕ್ಕ ಹಾಕಿ. ‘ಏಕೆ ಬೇಗ ಬರಲಿಲ್ಲ’ ಎಂಬ ಅರ್ಧದಷ್ಟು ಪ್ರಶ್ನೆಗಳು ಈ ಲೆಕ್ಕದಲ್ಲೇ ಬಗೆಹರಿಯುತ್ತವೆ.

ಎರಡನೆಯದು ಹೆಸರಿನ ಪಟ್ಟಿ. ಜರ್ಮನ್ನರಿಗೆ ಕಪ್ಪು, ಫ್ರೆಂಚರಿಗೆ ನೀಲಿ ಶಾಯಿ. ದಳಪತಿಯ ಹೆಸರು, ಅವನ ಕೋರ್ (ಕೆಲವು ಡಿವಿಷನ್ನುಗಳು ಸೇರಿದ ಪಡೆ) ಸಂಖ್ಯೆ, ಮೇಲಧಿಕಾರಿ ಇಷ್ಟು ಸಾಕು. ಪ್ರಷ್ಯನ್ ಸೇನಾ ಮುಖ್ಯಸ್ಥ ಮೋಲ್ಟ್ಕೆ, ಸ್ಟೈನ್‌ಮೆಟ್ಸ್, ರಾಜಕುಮಾರ ಫ್ರೆಡರಿಕ್ ಚಾರ್ಲ್ಸ್ ಒಂದು ಕಡೆ. ಬಜೇನ್, ಮಕ್‌ಮಹೋನ್, ಫ್ರೋಸಾರ್ ಇನ್ನೊಂದು ಕಡೆ. ಈ ಪಟ್ಟಿ ಇಲ್ಲದವರಿಗೆ ಆಗಸ್ಟ್ 6ರ ಅಧ್ಯಾಯ ಬರುವಷ್ಟರಲ್ಲಿ ಯಾರು ಯಾರ ಕಡೆ ಎಂಬುದೇ ಕಲಸಿಹೋಗಿರುತ್ತದೆ.

ಮೂರನೆಯದು ಇನ್ನೂರು ಪುಟದ ಗೆರೆ ನೋಟ್‌ಬುಕ್. ಪ್ರತಿ ಪುಟಕ್ಕೆ ಮೂರು ಕಾಲಂ: ಸಮಯ, ಏನಾಯಿತು, ಆ ಹೊತ್ತಿಗೆ ಯಾರಿಗೆ ಏನು ಗೊತ್ತಿತ್ತು. ಕೊನೆಯ ಕಾಲಂ ಮುಖ್ಯ. ಅದನ್ನು ಖಾಲಿ ಬಿಟ್ಟರೆ ನೀವು ಬರೆದದ್ದು ಬರೀ ದಿನಚರಿ.

ಈಗ ಓದು. ಯುದ್ಧ ಘೋಷಣೆಯಾದದ್ದು 1870ರ ಜುಲೈ 19. ಸೈನ್ಯ ಸಜ್ಜುಗೊಳಿಸುವ ಭಾಗವನ್ನು ಹಾರಿಸಿ ಕದನಕ್ಕೆ ನೆಗೆಯುವ ಆಸೆ ಎಲ್ಲರಿಗೂ ಆಗುತ್ತದೆ. ಹಾರಿಸಬೇಡಿ. ಪುಸ್ತಕದ ಸತ್ವ ಇರುವುದೇ ಅಲ್ಲಿ. ಪ್ರಷ್ಯನ್ನರು ಮೀಸಲು ಸೈನಿಕರನ್ನು ಮೊದಲು ಅವರವರ ರೆಜಿಮೆಂಟಿಗೆ ಸೇರಿಸಿ, ಪಡೆ ಪೂರ್ಣವಾದ ಮೇಲೆ ರೈಲಿಗೆ ಹತ್ತಿಸಿದರು. ಹದಿನೆಂಟು ದಿನಗಳಲ್ಲಿ 4,62,000 ಜನ ಗಡಿಗೆ ಬಂದು ಇಳಿದರು. ಫ್ರೆಂಚರು ಕೂಡಿಸುವ ಕೆಲಸವನ್ನೂ ಗಡಿಗೆ ಕಳಿಸುವ ಕೆಲಸವನ್ನೂ ಒಟ್ಟೊಟ್ಟಿಗೆ ಮಾಡಹೋದರು. ರೆಜಿಮೆಂಟು ಒಂದು ಊರಲ್ಲಿ, ಅದರ ಡಿಪೊ ದೇಶದ ಇನ್ನೊಂದು ಮೂಲೆಯಲ್ಲಿ; ಮೀಸಲು ಸೈನಿಕ ಮೊದಲು ಡಿಪೊಗೆ ಹೋಗಿ ಬಟ್ಟೆ, ಕೋವಿ ಪಡೆದು, ಅಲ್ಲಿಂದ ತನ್ನ ರೆಜಿಮೆಂಟ್ ಹುಡುಕಿಕೊಂಡು ಹೊರಡಬೇಕು. ಬೆಲ್ಫೋರ್ ತಲುಪಿದ ಒಬ್ಬ ಸೇನಾಧಿಕಾರಿ, ತನ್ನ ಬ್ರಿಗೇಡ್ ಸಿಕ್ಕಿಲ್ಲ, ಮೇಲಿನ ಜನರಲ್ ಸಿಕ್ಕಿಲ್ಲ, ಏನು ಮಾಡಲಿ ಎಂದು ಪ್ಯಾರಿಸ್ಸಿಗೆ ತಂತಿ ಕಳಿಸಿದ ಪ್ರಸಂಗ ಇದೇ ದಿನಗಳದ್ದು. ನೋಟ್‌ಬುಕ್ಕಿನಲ್ಲಿ ಎರಡೂ ಕಡೆಯ ಒಬ್ಬೊಬ್ಬ ಕಾಲ್ಪನಿಕ ಮೀಸಲು ಸೈನಿಕನ ದಾರಿಯನ್ನು ಬಾಣದ ಗುರುತಿನಿಂದ ಬರೆಯಿರಿ. ಯುದ್ಧದ ಮೊದಲ ಗುಂಡು ಹಾರುವ ಮುಂಚೆಯೇ ಏನು ನಿರ್ಧಾರವಾಗಿಬಿಟ್ಟಿತ್ತು ಎಂಬುದು ಆ ಎರಡು ಬಾಣಗಳ ಉದ್ದದಲ್ಲಿ ಕಾಣುತ್ತದೆ.

ಇನ್ನು ಒಂದು ಕದನವನ್ನು ಗಂಟೆಗಂಟೆಗೆ ಬಿಡಿಸುವ ಅಭ್ಯಾಸ. ಸೆದಾನ್ ಆರಿಸಬೇಡಿ, ಫ್ರೆಂಚ್ ಚಕ್ರವರ್ತಿ ಮೂರನೇ ನೆಪೋಲಿಯನ್ ಸೆರೆಸಿಕ್ಕ ಅದರ ಅಂತ್ಯ ತೀರಾ ಪ್ರಸಿದ್ಧ, ಎಲ್ಲವೂ ಅನಿವಾರ್ಯವಾಗಿತ್ತು ಅನ್ನಿಸಿಬಿಡುತ್ತದೆ. ಸಾರ್‌ಬ್ರೂಕನ್ ಹತ್ತಿರ ಆಗಸ್ಟ್ 6ರಂದು ನಡೆದ ಸ್ಪಿಶೆರೆನ್ ಕದನ ಒಳ್ಳೆಯದು. ಆ ದಿನ ಅಲ್ಲಿ ಕದನವಾಗಬೇಕೆಂದು ಮೋಲ್ಟ್ಕೆ ಯೋಜಿಸಿರಲಿಲ್ಲ. ಮುಂಚೂಣಿಯ ಪ್ರಷ್ಯನ್ ಡಿವಿಷನ್ನಿನ ದಳಪತಿ ಕಾಮೆಕೆ, ಎದುರಿಗಿನ ಫ್ರೆಂಚರು ಹಿಂದೆ ಸರಿಯುತ್ತಿದ್ದಾರೆಂದು ತಿಳಿದು ಗುಡ್ಡ ಹತ್ತಲು ಹೊರಟ. ಅಲ್ಲಿದ್ದದ್ದು ಫ್ರೋಸಾರ್‌ನ ಪೂರ್ತಿ ಕೋರ್. ತೋಪಿನ ಸದ್ದು ಕೇಳಿದ ಅಕ್ಕಪಕ್ಕದ ಪ್ರಷ್ಯನ್ ಪಡೆಗಳು ಆದೇಶಕ್ಕೆ ಕಾಯದೆ ಓಡಿಬಂದವು; ಹತ್ತಿರದಲ್ಲೇ ಇದ್ದ ಬಜೇನ್‌ನ ಡಿವಿಷನ್‌ಗಳು ಹೊತ್ತಿಗೆ ಬರಲಿಲ್ಲ. ಸಂಜೆ ಫ್ರೋಸಾರ್ ಹಿಂದೆ ಸರಿದ. ಸತ್ತವರು, ಗಾಯಗೊಂಡವರು ಗೆದ್ದ ಕಡೆಯಲ್ಲೇ ಹೆಚ್ಚು. ಈಗ ಮೂರನೆಯ ಕಾಲಂ ತುಂಬಿ: ಮಧ್ಯಾಹ್ನ ಕಾಮೆಕೆಗೆ ಏನು ಗೊತ್ತಿತ್ತು, ಅದೇ ಹೊತ್ತಿಗೆ ಫ್ರೋಸಾರ್‌ಗೆ, ಬಜೇನ್‌ಗೆ, ದೂರದ ಮೋಲ್ಟ್ಕೆಗೆ? ನಾಲ್ಕೂ ಉತ್ತರ ಬೇರೆ ಬೇರೆ ಬಂದರೆ ನೀವು ಸರಿಯಾಗಿ ಓದಿದ್ದೀರಿ. ಒಂದೇ ಬಂದರೆ ಇತಿಹಾಸಕಾರನಿಗೆ ಗೊತ್ತಿರುವುದನ್ನು ಪಾತ್ರಗಳ ತಲೆಗೆ ತುಂಬಿದ್ದೀರಿ, ಮತ್ತೆ ಓದಿ.

ಆಯುಧಗಳ ವಿಷಯದಲ್ಲೂ ಒಂದು ಎಚ್ಚರಿಕೆ. ಫ್ರೆಂಚರ ಶಾಸ್ಪೋ ಕೋವಿ ಪ್ರಷ್ಯನ್ನರ ಡ್ರೈಸೆ ಕೋವಿಗಿಂತ ಎರಡರಷ್ಟು ದೂರ ಹೊಡೆಯುತ್ತಿತ್ತು. ಪ್ರಷ್ಯನ್ನರ ಕ್ರುಪ್ ಉಕ್ಕಿನ ತೋಪು ಹಿಂದಿನಿಂದ ಮದ್ದು ತುಂಬುವಂಥದು, ಫ್ರೆಂಚರದ್ದು ಬಾಯಿಯಿಂದ ತುಂಬುವ ಕಂಚಿನ ತೋಪು. ‘ಹಾಗಾದರೆ ತೋಪು ಗೆಲ್ಲಿಸಿತು’ ಎಂದು ಬರೆದು ಮುಗಿಸಬೇಡಿ. ಆಗಸ್ಟ್ 18ರಂದು ಸಾಂ ಪ್ರಿವಾದ ಬಯಲಲ್ಲಿ ಪ್ರಷ್ಯನ್ ಗಾರ್ಡ್ ಪಡೆ ಶಾಸ್ಪೋಗೆ ಎದೆಯೊಡ್ಡಿ ಸುಮಾರು 8,000 ಜನರನ್ನು ಕಳೆದುಕೊಂಡಿತು. ಆದರೂ ಬಜೇನ್ ಮೆಸ್ ಕೋಟೆಯೊಳಗೆ ಸರಿದುಕೊಂಡ. ಒಳ್ಳೆಯ ಕೋವಿ ಇದ್ದವನು ಏಕೆ ಸೋತ ಎಂಬುದಕ್ಕೆ ಕೋವಿಯಲ್ಲಿ ಉತ್ತರವಿಲ್ಲ.

ಸಂದರ್ಭ: ಅದೇ ಪುಸ್ತಕ, ಎರಡನೇ ಸುತ್ತು

ಪುಸ್ತಕ ಮುಗಿದ ಮೇಲೆ ಎರಡು ಎಳೆ ಹಿಡಿದು ಹಿಂದಕ್ಕೆ ಹೋಗಿ. ಒಂದು, 1868ರ ಫ್ರೆಂಚ್ ಸೇನಾ ಸುಧಾರಣೆ. ಯುದ್ಧ ಮಂತ್ರಿ ಮಾರ್ಷಲ್ ನೀಲ್ ತಂದ ಯೋಜನೆಯನ್ನು ಶಾಸನಸಭೆ ಕತ್ತರಿಸಿ ಕತ್ತರಿಸಿ ಬಡಕಲು ಮಾಡಿತು: ತೆರಿಗೆ ಬೇಡ, ಮನೆಮಗ ಸೈನ್ಯಕ್ಕೆ ಬೇಡ, ಚಕ್ರವರ್ತಿಯ ಮೇಲೆ ಭರವಸೆಯೂ ಇಲ್ಲ. ರಾಷ್ಟ್ರೀಯ ಭದ್ರತಾ ನೀತಿ ಎಂದು ಈಗ ದೊಡ್ಡ ಹೆಸರಿಟ್ಟು ಕರೆಯುವುದರ ಹೂರಣ ಇಷ್ಟೇ: ಯಾರ ಮಗ, ಯಾರ ಹಣ, ಯಾರ ಅಪ್ಪಣೆ.

ಇನ್ನೊಂದು ಎಳೆ ಪ್ರಷ್ಯದ ಪ್ರಧಾನಿ ಬಿಸ್ಮಾರ್ಕ್ ಮತ್ತು ಮೋಲ್ಟ್ಕೆ ನಡುವಿನ ಜಗಳ. ಸೆಪ್ಟೆಂಬರ್ 19ರಿಂದ ಪ್ಯಾರಿಸ್ ಮುತ್ತಿಗೆಯಲ್ಲಿದೆ. ಬೇರೆ ದೇಶಗಳು ತಲೆಹಾಕುವ ಮುಂಚೆ ಯುದ್ಧ ಮುಗಿಯಬೇಕು, ನಗರದ ಮೇಲೆ ತೋಪು ಹಾರಿಸಿ ಎಂಬುದು ಬಿಸ್ಮಾರ್ಕನ ಒತ್ತಾಯ. ಯುದ್ಧ ನಡೆಯುತ್ತಿರುವಾಗ ರಾಜಕಾರಣಿ ದೂರವಿರಬೇಕು ಎಂಬುದು ಮೋಲ್ಟ್ಕೆಯ ಪಟ್ಟು. ಜನವರಿ 5ರಂದು ನಗರದ ಮೇಲೆ ಗುಂಡು ಬಿತ್ತು, 28ರಂದು ಕದನವಿರಾಮ. ಈ ಅಧ್ಯಾಯಗಳನ್ನು ಓದುವಾಗ ಬಿಳಿ ಹಾಳೆಯೊಂದನ್ನು ಎರಡು ಭಾಗ ಮಾಡಿ, ಯಾವ ನಿರ್ಧಾರ ಯಾರ ಕೈಯಲ್ಲಿತ್ತು ಎಂದು ಬರೆದುಕೊಳ್ಳಿ. ‘ರಾಜಕಾರಣಿಗಳು ಕೈ ಹಾಕಿದ್ದರಿಂದಲೇ ಸೋತೆವು’ ಅಥವಾ ‘ಜನರಲ್‌ಗಳಿಗೆ ಬಿಟ್ಟಿದ್ದರಿಂದಲೇ ಕೆಟ್ಟಿತು’ ಎಂಬ ಸಿದ್ಧ ವಾಕ್ಯಗಳನ್ನು ಯಾವ ದೇಶದ ಚರ್ಚೆಯಲ್ಲಿ ಕೇಳಿದರೂ ಈ ಹಾಳೆ ಕೆಲಸಕ್ಕೆ ಬರುತ್ತದೆ.

ಯುದ್ಧದ ಸಿದ್ಧಾಂತ ಬರೆದ ಪ್ರಷ್ಯನ್ ಸೇನಾಧಿಕಾರಿ ಕ್ಲಾಸೆವಿಟ್ಸ್‌ನನ್ನು ಓದಬೇಕೆನ್ನುವವರು ಈಗ ಓದಬಹುದು. 1976ರಲ್ಲಿ ಪೀಟರ್ ಪ್ಯಾರೆಟ್ ಜೊತೆ ಹೋವರ್ಡ್ ಅವನ ‘ಆನ್ ವಾರ್’ ಗ್ರಂಥವನ್ನು ಇಂಗ್ಲಿಷಿಗೆ ತಂದರು. ಮೊದಲ ಪುಟದಿಂದ ಕೊನೆಯ ಪುಟದವರೆಗೆ ಹೋಗುವ ಹಟ ಬೇಡ. ಮೊದಲ ಭಾಗದ ಮೊದಲ ಅಧ್ಯಾಯ, ಆಮೇಲೆ ಎಂಟನೇ ಭಾಗ. ನಡುವಿನ ನದಿ ದಾಟುವ, ಗುಡ್ಡ ಕಾಯುವ ಅಧ್ಯಾಯಗಳು ಆ ಕಾಲದವು, ಬಿಟ್ಟರೆ ನಷ್ಟವಿಲ್ಲ.

ನಾಲ್ಕು ಕಾಲಂ

1979ರಲ್ಲಿ ‘ಫಾರಿನ್ ಅಫೇರ್ಸ್’ ಪತ್ರಿಕೆಗೆ ಹೋವರ್ಡ್ ಬರೆದ ‘ದಿ ಫರ್ಗಾಟನ್ ಡೈಮೆನ್ಶನ್ಸ್ ಆಫ್ ಸ್ಟ್ರಾಟೆಜಿ’ ಲೇಖನ ಇತಿಹಾಸದಿಂದ ನೀತಿಗೆ ದಾಟುವ ಸೇತುವೆ. ಸಮರತಂತ್ರಕ್ಕೆ ನಾಲ್ಕು ಮುಖ: ಸರಬರಾಜು, ಕಾರ್ಯಾಚರಣೆ, ಸಮಾಜ, ತಂತ್ರಜ್ಞಾನ. ಅಣ್ವಸ್ತ್ರ ತಜ್ಞರು ನಾಲ್ಕನೆಯದನ್ನೇ ಹಿಡಿದುಕೊಂಡು ಉಳಿದದ್ದನ್ನು, ಅದರಲ್ಲೂ ಸಮಾಜವನ್ನು, ಮರೆತಿದ್ದಾರೆಂಬುದು ಅವರ ತಕರಾರು.

ಇದನ್ನು ಕಲಿಯುವ ದಾರಿ ಬಳಸಿ ನೋಡುವುದೊಂದೇ. ನಮ್ಮ ಓದುಗರಿಗೆ ನೆಲ ಪರಿಚಯವಿರುವ ಒಂದು ಉದಾಹರಣೆ ತೆಗೆದುಕೊಳ್ಳಿ: 1791ರ ಮೇನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಶ್ರೀರಂಗಪಟ್ಟಣದ ಹೊಸ್ತಿಲವರೆಗೆ ಬಂದು ಬರಿಗೈಲಿ ಮರಳಿದ್ದು. ಹಾಳೆಯಲ್ಲಿ ನಾಲ್ಕು ಕಾಲಂ ಎಳೆಯಿರಿ.

ಕಾರ್ಯಾಚರಣೆಯ ಕಾಲಂ ಸುಲಭ. ಮಾರ್ಚಿನಲ್ಲಿ ಬೆಂಗಳೂರು ಕೋಟೆ ಬಿತ್ತು, ಮೇ 15ರಂದು ಅರಕೆರೆಯ ಹತ್ತಿರದ ಕಾಳಗದಲ್ಲಿ ಕಂಪನಿ ಸೈನ್ಯ ಮೇಲುಗೈ ಪಡೆಯಿತು. ಇಷ್ಟನ್ನೇ ನೋಡಿದರೆ ಅವನು ಗೆದ್ದಿರಬೇಕು. ಸರಬರಾಜಿನ ಕಾಲಂ ಬೇರೆಯೇ ಹೇಳುತ್ತದೆ: ಚನ್ನಪಟ್ಟಣದ ದಾರಿಯನ್ನು ಟಿಪ್ಪು ಮೊದಲೇ ಬರಿದು ಮಾಡಿಸಿದ್ದರಿಂದ ಸೈನ್ಯ ಕನಕಪುರದ ಕಡೆಯ ಕಷ್ಟದ ದಾರಿ ಹಿಡಿಯಿತು, ಮೇವಿಲ್ಲದೆ, ರೋಗ ತಗುಲಿ ಎತ್ತುಗಳು ಸಾಲುಸಾಲಾಗಿ ಸತ್ತವು, ಭಾರದ ತೋಪುಗಳನ್ನು ಎಳೆಯುವವರಿಲ್ಲದೆ ಅವನ್ನು ತಾನೇ ನಾಶ ಮಾಡಿ ಕಾರ್ನ್‌ವಾಲಿಸ್ ಹಿಂದಿರುಗಿದ. ಸಮಾಜದ ಕಾಲಂನಲ್ಲಿ ಊರು ಬಿಟ್ಟು ದವಸ ಬಚ್ಚಿಟ್ಟ ರೈತರು, ಮರಾಠ ಮತ್ತು ನಿಜಾಮರ ಮೈತ್ರಿ, ಮರುದಂಡಯಾತ್ರೆಗೆ ಎತ್ತಿನ ಮೇಲೆ ಧಾನ್ಯ ಹೇರಿಕೊಂಡು ಬಂದ ಬಂಜಾರರು ಬರುತ್ತಾರೆ. 1792ರ ಫೆಬ್ರವರಿಯಲ್ಲಿ ಅದೇ ಸೇನಾಪತಿ ಅದೇ ಕೋಟೆಯೆದುರು ಬಂದಾಗ ಮೊದಲು ಬದಲಾಗಿದ್ದವು ಈ ಎರಡು ಕಾಲಂ. ಮಾರ್ಚಿನ ಒಪ್ಪಂದದಲ್ಲಿ ಟಿಪ್ಪು ಅರ್ಧ ರಾಜ್ಯವನ್ನೂ 3 ಕೋಟಿ 30 ಲಕ್ಷ ರೂಪಾಯಿಯನ್ನೂ ಒಪ್ಪಿಸಬೇಕಾಯಿತು.

ಇಲ್ಲಿ ಎಲ್ಲರೂ ಎಡವುವ ಜಾಗ ತಂತ್ರಜ್ಞಾನದ ಕಾಲಂ. ಮೈಸೂರಿನ ರಾಕೆಟ್ ಎಂದರೆ ನಮಗೆ ಹೆಮ್ಮೆ, ಆದ್ದರಿಂದ ಆ ಕಾಲಂ ಮೊದಲು ತುಂಬಿ, ಉದ್ದವೂ ಆಗಿ, ಉಳಿದ ಮೂರನ್ನು ನುಂಗಿಬಿಡುತ್ತದೆ. 1791ರಲ್ಲಿ ರಾಜಧಾನಿಯನ್ನು ಉಳಿಸಿದ್ದು ರಾಕೆಟ್ಟಿಗಿಂತ ಹೆಚ್ಚಾಗಿ ಮೇವಿನ ಅಭಾವ. ಉಪಾಯ ಇಷ್ಟೇ: ತಂತ್ರಜ್ಞಾನದ ಕಾಲಂ ಕೊನೆಗೆ ತುಂಬಿ, ಉಳಿದವುಗಳಿಗಿಂತ ಉದ್ದವಾಗದಂತೆ ನೋಡಿಕೊಳ್ಳಿ. ಈಗಿನ ಡ್ರೋನ್, ಕ್ಷಿಪಣಿಗಳ ಸುದ್ದಿ ಓದುವಾಗಲೂ ಇದೇ ಕಟ್ಟುಪಾಡು.

ನೀತಿಯ ಬರಹಗಳು

ಈಗ 1972ರ ‘ದಿ ಕಾಂಟಿನೆಂಟಲ್ ಕಮಿಟ್‌ಮೆಂಟ್’. ಎರಡು ಮಹಾಯುದ್ಧಗಳ ಕಾಲದಲ್ಲಿ ಬ್ರಿಟನ್ ತನ್ನ ಸೈನ್ಯವನ್ನು ಸಾಮ್ರಾಜ್ಯ ಕಾಯಲು ಇಡಬೇಕೋ ಯುರೋಪಿನ ನೆಲದಲ್ಲಿ ಇಳಿಸಬೇಕೋ ಎಂಬ ತೊಳಲಾಟದ ಕತೆ. ಭಾರತ ಇಲ್ಲಿ ಹಿನ್ನೆಲೆಯ ಚಿತ್ರವಲ್ಲ, ಖರ್ಚಿನ ಪಟ್ಟಿಯ ದೊಡ್ಡ ಬಾಬ್ತು; ವಾಯವ್ಯ ಗಡಿಯ ರಷ್ಯಾ ಭಯವನ್ನು ಲಂಡನ್ನಿನ ಕಡೆಯಿಂದ ನೋಡಿದರೆ ಹೇಗೆ ಕಾಣುತ್ತಿತ್ತು ಎಂಬುದು ನಮ್ಮವರಿಗೆ ಹೊಸದೇ. ಓದುವಾಗ ಒಂದು ಅಂಶಕ್ಕೆ ಕಣ್ಣಿಡಿ: ಹತ್ತು ವರ್ಷ ದೊಡ್ಡ ಯುದ್ಧ ಬರುವುದಿಲ್ಲವೆಂದು ಲೆಕ್ಕ ಹಾಕಿ ಬಜೆಟ್ ಮಾಡಿ ಎಂಬ 1919ರ ‘ಹತ್ತು ವರ್ಷದ ನಿಯಮ’. ಅದನ್ನು ಕೈಬಿಟ್ಟದ್ದು 1932ರಲ್ಲಿ. ಖಜಾನೆಯ ಅನುಕೂಲಕ್ಕೆ ಮಾಡಿದ ಊಹೆ ಹೇಗೆ ರಕ್ಷಣಾ ನೀತಿಯೇ ಆಗಿ ಕೂರುತ್ತದೆ ಎಂಬುದನ್ನು ವರ್ಷವಾರು ಗುರುತು ಮಾಡಿಕೊಳ್ಳಿ.

ಆಮೇಲೆ 1973ರ ಉಪನ್ಯಾಸ ‘ಮಿಲಿಟರಿ ಸೈನ್ಸ್ ಇನ್ ಆ್ಯನ್ ಏಜ್ ಆಫ್ ಪೀಸ್’. ಶಾಂತಿಕಾಲದಲ್ಲಿ ಸೈನ್ಯ ರೂಪಿಸುವ ಸಿದ್ಧಾಂತ ಹೇಗೂ ತಪ್ಪಾಗಿರುತ್ತದೆ, ಸಮಯ ಬಂದಾಗ ಬೇಗ ತಿದ್ದಿಕೊಳ್ಳುವ ಶಕ್ತಿ ಇದೆಯೇ ಎಂಬುದೇ ಪ್ರಶ್ನೆ ಎಂಬ ವಾದ ಅಲ್ಲಿದೆ. ತುಂಬಾ ಉದ್ಧರಿಸಲ್ಪಡುವ ಈ ಮಾತನ್ನು ‘ಹಾಗಾದರೆ ಸಿದ್ಧಾಂತವೇ ಬೇಡ’ ಎಂದು ತಿರುಚುವವರಿದ್ದಾರೆ. ಸ್ಪಿಶೆರೆನ್ ಬಿಡಿಸಿದವರು ಆ ಬಲೆಗೆ ಬೀಳುವುದಿಲ್ಲ. ತೋಪಿನ ಸದ್ದಿನ ಕಡೆ ನಡೆಯಬೇಕೆಂದು ವರ್ಷಗಟ್ಟಲೆ ಕಲಿತಿದ್ದರಿಂದಲೇ ಪ್ರಷ್ಯನ್ ಅಧಿಕಾರಿಗಳು ಕಾಮೆಕೆಯ ತಪ್ಪನ್ನು ಸಂಜೆಯೊಳಗೆ ತಿದ್ದಿದರು.

ಪುಸ್ತಕದ ಪ್ರಕಟಣೆಯ ವರ್ಷ ನೋಡುವ ಅಭ್ಯಾಸವೂ ಈ ಹಂತದಲ್ಲಿ ಬೇಕು. ಜರ್ಮನ್ನರ ಎನಿಗ್ಮಾ ಸಂಕೇತ ಒಡೆದ ‘ಅಲ್ಟ್ರಾ’ ಗುಟ್ಟು ಹೊರಬಿದ್ದದ್ದು 1974ರಲ್ಲಿ. ಅದಕ್ಕೂ ಮೊದಲು ಬಂದ ಎರಡನೇ ಮಹಾಯುದ್ಧದ ಬ್ರಿಟಿಷ್ ಇತಿಹಾಸಗಳಲ್ಲಿ, ಹೋವರ್ಡ್ 1968ರಲ್ಲಿ ಮೆಡಿಟರೇನಿಯನ್ ಸಮರನೀತಿಯ ಬಗ್ಗೆ ಬರೆದದ್ದರಲ್ಲೂ, ಆ ಎಳೆ ಇಲ್ಲ. ಶತ್ರುವಿನ ನಡೆಯನ್ನು ಊಹಿಸಿದ ಸೇನಾಪತಿ ‘ಚಾಣಾಕ್ಷ’ ಎಂದು ಬರೆದಿದ್ದರೆ, ಅವನ ಮೇಜಿನ ಮೇಲೆ ಒಡೆದ ಸಂಕೇತದ ಚೀಟಿ ಇತ್ತೇ ಎಂದು ಆಮೇಲಿನ ಪುಸ್ತಕದಲ್ಲಿ ನೋಡಿ. ಗೂಢಚರ್ಯೆಯ ಅಧಿಕೃತ ಇತಿಹಾಸದಲ್ಲಿ ಶತ್ರುವನ್ನು ದಾರಿ ತಪ್ಪಿಸಿದ ಬಗ್ಗೆ ಹೋವರ್ಡ್ ಬರೆದ ಸಂಪುಟವೇ ಸರ್ಕಾರದ ತಡೆಯಿಂದ ಹತ್ತು ವರ್ಷ ಕೂತು 1990ರಲ್ಲಿ ಬಂತು. ನಮ್ಮ 1962ರ ಯುದ್ಧದ ಬಗ್ಗೆ ಓದುವಾಗಲೂ ಇದೇ ಜಾಗರೂಕತೆ ಇರಲಿ. ಆ ಸೋಲಿನ ಬಗ್ಗೆ ಸೈನ್ಯವೇ ನಡೆಸಿದ ಗುಪ್ತ ತನಿಖೆಯ ಹೆಂಡರ್ಸನ್ ಬ್ರೂಕ್ಸ್ ವರದಿಯ ಒಂದು ಭಾಗ ಸೋರಿ ಅಂತರ್ಜಾಲಕ್ಕೆ ಬಂದದ್ದು 2014ರಲ್ಲಿ. ಅದಕ್ಕೂ ಹಿಂದಿನ ಲೇಖಕರು ಯಾವುದನ್ನು ನೋಡಿ ಬರೆದರು ಎಂದು ಮುನ್ನುಡಿಯಲ್ಲೇ ಹುಡುಕಿ.

ಹೋವರ್ಡ್ ಕೈಕೊಡುವ ಕಡೆಗಳೂ ಇವೆ. ಅವರ ಕಣ್ಣು ಯುರೋಪಿನ ಮೇಲೆ, ಅದರಲ್ಲೂ ನೆಲದ ಯುದ್ಧದ ಮೇಲೆ. ನೌಕಾಪಡೆ, ವಾಯುಪಡೆ ಅವರ ಕೈಯಲ್ಲಿ ತೆಳು. ವಸಾಹತುಗಳಲ್ಲಿ ಗುಂಡಿಗೆ ಎದುರಾದವರ ಕಡೆಯಿಂದ ಬರೆದ ಪುಟಗಳು ಕಡಿಮೆ. ಭಾರತೀಯ ಸೈನಿಕನನ್ನು ತಿಳಿಯಲು ಅವರ ಬಳಿ ಹೋಗಬೇಡಿ.

ಕೊನೆಗೆ ಓದಬೇಕಾದದ್ದು 2001ರ ಅಕ್ಟೋಬರ್ 30ರಂದು ಲಂಡನ್ನಿನಲ್ಲಿ ಮಾಡಿದ ಭಾಷಣ. ಅದರ ಪರಿಷ್ಕೃತ ರೂಪ 2002ರ ಆರಂಭದಲ್ಲಿ ‘ಫಾರಿನ್ ಅಫೇರ್ಸ್’ನಲ್ಲಿ ಬಂತು. ಸೆಪ್ಟೆಂಬರ್ 11ರ ದಾಳಿಯ ಬಳಿಕ ಅಮೆರಿಕ ಭಯೋತ್ಪಾದನೆಯ ವಿರುದ್ಧ ‘ಯುದ್ಧ’ ಸಾರಿದ್ದೇ ತಪ್ಪು ಎಂಬುದು ವಾದ. ಯುದ್ಧವೆಂದರೆ ಎದುರಾಳಿಗೆ ಕಾದಾಡುವವನ ಅಂತಸ್ತು ಕೊಟ್ಟಂತೆ, ಜನ ಕೂಡಲೇ ಕಣ್ಣಿಗೆ ಕಾಣುವ ಗೆಲುವು ಕೇಳುತ್ತಾರೆ. ಇದು ಪೊಲೀಸರು, ಗುಪ್ತಚರರು ತಾಳ್ಮೆಯಿಂದ ಮಾಡಬೇಕಾದ ಕೆಲಸ. ಪ್ಯಾಲೆಸ್ಟೈನ್, ಸೈಪ್ರಸ್, ಮಲಯಗಳಲ್ಲಿ ಬ್ರಿಟಿಷರು ‘ತುರ್ತುಸ್ಥಿತಿ’ ಎಂದರೇ ಹೊರತು ಯುದ್ಧ ಎನ್ನಲಿಲ್ಲ ಎಂಬುದು ಅವರ ಆಧಾರ. ಭಾಷಣವನ್ನು ಮೆಚ್ಚಿ ಮುಚ್ಚಿಡಬೇಡಿ, ಈ ಆಧಾರವನ್ನೇ ಹಿಡಿದು ಅವರ ಮೂರು ನಿಯಮಗಳಿಂದ ಪರೀಕ್ಷಿಸಿ. ಬ್ರಿಟಿಷರು ಕಮ್ಯುನಿಸ್ಟ್ ಬಂಡುಕೋರರ ಮೇಲೆ ಕಾದಾಡಿದ 1948ರಿಂದ 1960ರವರೆಗಿನ ಮಲಯವನ್ನು (ಈಗಿನ ಮಲೇಷ್ಯಾದ ಭಾಗ) ತೆಗೆದುಕೊಂಡು ನಾಲ್ಕು ಕಾಲಂ ತುಂಬಿ. ಸಮಾಜದ ಕಾಲಂನಲ್ಲಿ ಬೇಲಿ ಹಾಕಿದ ಹೊಸ ಹಳ್ಳಿಗಳಿಗೆ ಲಕ್ಷಗಟ್ಟಲೆ ಜನರನ್ನು ಎತ್ತಂಗಡಿ ಮಾಡಿದ್ದು ಬರಲೇಬೇಕು. ಹೆಸರಿಗೆ ತುರ್ತುಸ್ಥಿತಿಯಾದದ್ದು ಆ ಬೇಲಿಯೊಳಗಿನವರಿಗೆ ಏನಾಗಿತ್ತು ಎಂದು ಕೇಳಿಕೊಂಡು, ಭಾಷಣದ ಆ ಪ್ಯಾರಾದ ಅಂಚಿನಲ್ಲಿ ನಿಮ್ಮ ಆಕ್ಷೇಪ ಬರೆಯಿರಿ.